ಕಾರ್ನಾಡರ ನಾಟಕಕ್ಕೆ ಕತ್ತರಿ ಹಾಕುವ ಮುನ್ನ

ಮಾನ್ಯ ಸಂಪಾದಕರೇ,

ವರ್ಷಕ್ಕೆ ಎರಡು ಸಲ ಗಿರೀಶ ಕಾರ್ನಾಡರ ಫೋಟೊ ಪತ್ರಿಕೆಗಳಲ್ಲಿ ಕಾಣಿಸುತ್ತದೆ. ಅವರು ಹುಟ್ಟಿದ ದಿನ ಮೇ 19 (1938), ತೀರಿಕೊಂಡ ದಿನ ಜೂನ್ 10 (2019). ಎರಡು ದಿನಕ್ಕೂ ಬರಹ ಮಾತ್ರ ಹೆಚ್ಚುಕಡಿಮೆ ಒಂದೇ: ನಟ, ನಾಟಕಕಾರ, ನಿರ್ದೇಶಕ, ಬಹುಮುಖ ಪ್ರತಿಭೆ, ಕೆಳಗೆ ಪ್ರಶಸ್ತಿಗಳ ಪಟ್ಟಿ. ಪಟ್ಟಿಯ ಬಗ್ಗೆ ತಕರಾರಿಲ್ಲ. ಮೂರು ಕಸುಬುಗಳನ್ನು ಮೂರು ಡಬ್ಬಿಗೆ ತುಂಬಿ ಮುಚ್ಚಳ ಬಿಗಿಯುವುದರ ಬಗ್ಗೆ ಇದೆ. ಅದರ ಪೆಟ್ಟು ಕೊನೆಗೆ ಬೀಳುವುದು ರಂಗದ ಮೇಲೆ. ಕಾಲೇಜು ಸ್ಪರ್ಧೆಗೋ ಹವ್ಯಾಸಿ ನಾಟಕೋತ್ಸವಕ್ಕೋ ಕಾರ್ನಾಡರ ನಾಟಕ ಆರಿಸಿಕೊಂಡವರು, ಇದು ಸಾಹಿತಿಯೊಬ್ಬರು ಓದಲಿಕ್ಕೆಂದು ಬರೆದ ಉದ್ದನೆಯ ಕೃತಿ ಎಂದುಕೊಂಡು 60 ಇಲ್ಲವೇ 90 ನಿಮಿಷಕ್ಕೆ ಇಳಿಸಲು ಕೂರುತ್ತಾರೆ. ಕತ್ತರಿ ಸರಿಯಾಗಿ ಬೀಳಬಾರದ ಜಾಗಕ್ಕೇ ಬೀಳುತ್ತದೆ. ನಾಟಕದೊಳಗೆ ಹೆಚ್ಚುವರಿಯಂತೆ ಕಾಣುವ ಹಾಸ್ಯದ ಜೋಡಿ, ಸೂತ್ರಧಾರನ ಹೊರಕಥೆ, ನಡುವಿನ ಮೌನ ಇವೇ ಇವರ ನಾಟಕಗಳಲ್ಲಿ ಮಾಡು ಹೊತ್ತ ಕಂಬಗಳು.

ಮೊದಲು ಕೆಲವು ತಿದ್ದುಪಡಿ, ಬೇಗ ಮುಗಿಸುತ್ತೇವೆ. 'ಸಂಸ್ಕಾರ'ವನ್ನು (1970) ನಿರ್ದೇಶಿಸಿದವರು ಪಟ್ಟಾಭಿರಾಮ ರೆಡ್ಡಿ. ಅದರಲ್ಲಿ ಕಾರ್ನಾಡರದು ಚಿತ್ರಕಥೆ ಮತ್ತು ಪ್ರಾಣೇಶಾಚಾರ್ಯನ ಪಾತ್ರ. 'ವಂಶವೃಕ್ಷ' ಮತ್ತು 'ತಬ್ಬಲಿಯು ನೀನಾದೆ ಮಗನೆ' ಎರಡನ್ನೂ ಅವರು ಬಿ.ವಿ. ಕಾರಂತರ ಜೊತೆ ಸೇರಿ ನಿರ್ದೇಶಿಸಿದರು. ಒಬ್ಬರ ಹೆಸರು ಬಿಟ್ಟು ಇನ್ನೊಬ್ಬರದಷ್ಟೇ ಹಾಕುವುದು ಇಬ್ಬರಿಗೂ ಅನ್ಯಾಯ. 'ನಾಗಮಂಡಲ' ಸಿನಿಮಾ (1997) ಟಿ.ಎಸ್. ನಾಗಾಭರಣರದು. 'ಮಾಲ್ಗುಡಿ ಡೇಸ್'ನಲ್ಲಿ ಕಾರ್ನಾಡರು ಸ್ವಾಮಿಯ ಅಪ್ಪ. ನಿರ್ದೇಶನ ಶಂಕರ್ ನಾಗ್ ಅವರದು. 1998ರ ಜ್ಞಾನಪೀಠ 'ತುಘಲಕ್'ಗೆ ಬಂತು ಎಂದು ಬರೆಯುವುದೂ ಉಂಟು. ಆ ಪ್ರಶಸ್ತಿ ಬಂದದ್ದು ಒಂದು ಪುಸ್ತಕಕ್ಕಲ್ಲ, ಒಟ್ಟು ಬರವಣಿಗೆಗೆ. ಒಂದು ಕೃತಿಗೆಂದು ಬಂದದ್ದು 1994ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ, 'ತಲೆದಂಡ'ಕ್ಕೆ.

ಈಗ 'ತುಘಲಕ್'. ಬಂದದ್ದು 1964ರಲ್ಲಿ. ಬರೆದವರಿಗೆ 26 ವಯಸ್ಸು, ಮದ್ರಾಸಿನಲ್ಲಿ ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್‌ನ ನೌಕರಿ. ಆಕ್ಸ್‌ಫರ್ಡಿನಲ್ಲಿ ಓದಿ ಬಂದವರು ಬರೆದದ್ದು ಎಂಬ ಕಾರಣಕ್ಕೆ ಇದನ್ನು ಪಾಶ್ಚಾತ್ಯ ದುರಂತ ನಾಟಕದ ಅಳತೆಗೋಲಿನಲ್ಲಿ ಅಳೆಯುವ ಅಭ್ಯಾಸವಿದೆ. ಆದರೆ ಇದರ ಚೌಕಟ್ಟು ಶಿರಸಿಯಲ್ಲಿ ಬಾಲ್ಯ ಕಳೆದ ಹುಡುಗ ನೋಡಿದ ಕಂಪನಿ ನಾಟಕದ್ದು. ಹಳೆಯ ಕಂಪನಿ ನಾಟಕ ನೋಡಿದ ಹಿರಿಯರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಮುಂದೆ ರಸ್ತೆಯ ಪರದೆ ಇಳಿದಿರುತ್ತದೆ. ಅದರ ಮುಂದಿನ ನಾಲ್ಕಾರು ಅಡಿ ಜಾಗದಲ್ಲಿ ಹಾಸ್ಯದ ಜೋಡಿ ಜನರನ್ನು ನಗಿಸುತ್ತ ನಿಂತಿರುತ್ತದೆ. ಪರದೆಯ ಹಿಂದೆ ಕೆಲಸದವರು ಬರಿಗಾಲಲ್ಲಿ ಓಡಾಡಿ ದರ್ಬಾರಿನ ಸೀನರಿ ನಿಲ್ಲಿಸುತ್ತಿರುತ್ತಾರೆ. ಶಿಳ್ಳೆ ಬಿತ್ತೆಂದರೆ ಪರದೆ ಮೇಲೆ, ರಾಜ ಸಿಂಹಾಸನದ ಮೇಲೆ. ಮುಂದಿನ ತೆಳು ದೃಶ್ಯ, ಹಿಂದಿನ ಆಳದ ದೃಶ್ಯ, ಮತ್ತೆ ತೆಳು, ಮತ್ತೆ ಆಳ. ಈ ಏರ್ಪಾಡನ್ನೇ ಬುನಾದಿಯಾಗಿ ಇಟ್ಟುಕೊಂಡೆ ಎಂದು ಕಾರ್ನಾಡರು ತಮ್ಮ ನಾಟಕಗಳ ಇಂಗ್ಲಿಷ್ ಸಂಪುಟದ ಮುನ್ನುಡಿಯಲ್ಲಿ ವಿವರಿಸಿದ್ದಾರೆ.

ಈ ನಾಟಕಕ್ಕೆ 13 ದೃಶ್ಯ. ಅಂದರೆ 12 ಬದಲಾವಣೆ. ಪ್ರತಿ ಬದಲಾವಣೆಗೂ ದೀಪ ಆರಿಸಿ 40 ಸೆಕೆಂಡು ಕತ್ತಲಲ್ಲಿ ಮೇಜು ಕುರ್ಚಿ ಎಳೆದಾಡಿದರೆ ಒಟ್ಟು 8 ನಿಮಿಷ ಪ್ರೇಕ್ಷಕ ಕೆಮ್ಮುತ್ತ ಕೂರುತ್ತಾನೆ. 90 ನಿಮಿಷದ ಪ್ರಯೋಗದಲ್ಲಿ 8 ನಿಮಿಷ ಕತ್ತಲೆ! ಸಮಯ ಸಾಲದೆಂದು ಅಜೀಜ–ಆಜಮ ಎಂಬ ಹಾಸ್ಯದ ಜೋಡಿಯ ದೃಶ್ಯಕ್ಕೆ ಕತ್ತರಿ ಹಾಕುವ ತಂಡ ಈ 8 ನಿಮಿಷವನ್ನು ಲೆಕ್ಕಕ್ಕೇ ಹಿಡಿದಿರುವುದಿಲ್ಲ. ರಂಗದ ಆಳ 24 ಅಡಿ ಇದೆ ಎನ್ನಿ. ಮುಂದಿನ 8 ಅಡಿಯನ್ನು ರಸ್ತೆ, ಡೇರೆ, ಗುಡ್ಡದ ಅಡಗುತಾಣಕ್ಕೆ ಬಿಡಿ. ಹಿಂದಿನ 16 ಅಡಿ ಸುಲ್ತಾನನದು. ನಡುವೆ ಎಳೆದು ಬಿಡುವ ಒಂದು ಪರದೆ. ಮುಂದೆ ಆಟ ನಡೆಯುತ್ತಿರುವಾಗ ಹಿಂದೆ ಸೀನು ಬದಲಾಗುತ್ತದೆ, ದೀಪ ಆರಿಸುವ ಪ್ರಮೇಯವೇ ಇರುವುದಿಲ್ಲ. ಇನ್ನೊಂದು ಲಾಭ: ತುಘಲಕನ ಪಾತ್ರಧಾರಿಗೆ ನೀರು ಕುಡಿದು ಅಂಗಿ ಬದಲಿಸಲು ಸಿಗುವುದೇ ಈ ದೃಶ್ಯಗಳ ಹೊತ್ತು. ಎಂಟನೇ ದೃಶ್ಯದ ಹೊತ್ತಿಗೆ ಕಥೆಯಲ್ಲಿ ಐದು ವರ್ಷ ಕಳೆದಿರುತ್ತವೆ, ಸುಲ್ತಾನ ಸೊರಗಿರಬೇಕು. ಅದಕ್ಕೆ ಸ್ವಲ್ಪ ಹಿಂದೆ ಬರುವ ದೌಲತಾಬಾದಿನ ದಾರಿಯ ಡೇರೆಯ ದೃಶ್ಯವನ್ನು ಎತ್ತಿಬಿಟ್ಟರೆ ಗಡ್ಡಕ್ಕೆ ಬಿಳಿ ಹಚ್ಚಲೂ ಸಮಯ ಸಿಗದು. ಪಾತ್ರಧಾರಿ ಹೋದ ಹಾಗೆಯೇ ಬಂದು ನಿಲ್ಲುತ್ತಾನೆ, ಐದು ವರ್ಷ ಎಲ್ಲಿ ಹೋಯಿತೋ!

ಸಮಯದ ಮಾತು ಬಿಟ್ಟು ಅರ್ಥಕ್ಕೆ ಬನ್ನಿ. ಮೊದಲ ದೃಶ್ಯದಲ್ಲೇ ಅಗಸ ಅಜೀಜ ಬ್ರಾಹ್ಮಣ ವಿಷ್ಣುಪ್ರಸಾದನ ವೇಷದಲ್ಲಿ ಸುಲ್ತಾನನ ವಿರುದ್ಧ ಮೊಕದ್ದಮೆ ಗೆದ್ದು 500 ಬೆಳ್ಳಿಯ ದಿನಾರು ಎಣಿಸಿಕೊಳ್ಳುತ್ತಾನೆ. ಸುಲ್ತಾನ ತಂದ ಪ್ರತಿಯೊಂದು ಸುಧಾರಣೆಯ ಸಂದಿಯಲ್ಲೂ ಈ ಅಗಸನ ಕೈ ತೂರುತ್ತದೆ: ನ್ಯಾಯದಲ್ಲಿ, ದೌಲತಾಬಾದಿನ ದಾರಿಯಲ್ಲಿ, ತಾಮ್ರದ ನಾಣ್ಯದಲ್ಲಿ, ಕೊನೆಗೆ ಖಲೀಫನ ವಂಶಜನ ಪೋಷಾಕಿನಲ್ಲಿ. ಕಂಪನಿ ನಾಟಕದ ಹಾಸ್ಯಗಾರ ಎಂದೂ ರಸ್ತೆಯ ಪರದೆ ದಾಟಿ ದರ್ಬಾರಿನಲ್ಲಿ ರಾಜನ ಸಮಕ್ಕೆ ನಿಲ್ಲುವುದಿಲ್ಲ. ಇಲ್ಲಿ ನಿಲ್ಲುತ್ತಾನೆ. ಹದಿಮೂರನೇ ದೃಶ್ಯದಲ್ಲಿ ಸುಲ್ತಾನ ಮತ್ತು ಅಜೀಜ ಎದುರುಬದುರಾಗುತ್ತಾರೆ. ಮುಂದಿನ 8 ಅಡಿಯವನು ಹಿಂದಿನ 16 ಅಡಿಗೆ ಕಾಲಿಟ್ಟಿರುತ್ತಾನೆ. ನಾಟಕದ ದೊಡ್ಡ ಮಾತು ಇದು, ಇದನ್ನು ಹೇಳುತ್ತಿರುವುದು ನಟ ನಿಂತ ಜಾಗ. ನಡುವಿನ ದೃಶ್ಯಗಳನ್ನು ಎತ್ತಿಹಾಕಿದ ಪ್ರಯೋಗದಲ್ಲಿ ಕೊನೆಗೆ ಬರುವ ಅಜೀಜ ಯಾರೋ ಅಪರಿಚಿತ. ಪ್ರೇಕ್ಷಕ ಪಕ್ಕದವನ ಕಡೆ ವಾಲಿ 'ಇವ ಯಾರ್‍ರೀ?' ಎಂದು ಕೇಳುತ್ತಾನೆ.

ಕತ್ತರಿಸಲೇಬೇಕೆಂದಿದ್ದರೆ ದೃಶ್ಯ ಎತ್ತಬೇಡಿ, ದೃಶ್ಯದೊಳಗಿನ ಮಾತು ಇಳಿಸಿ. ಸುಲ್ತಾನ, ಇತಿಹಾಸಕಾರ ಬರನಿ, ವಜೀರ ನಜೀಬರ ನಡುವಿನ ದೀರ್ಘ ಸಂಭಾಷಣೆಗಳಲ್ಲಿ ಒಂದೇ ವಿಚಾರ ಎರಡು ಕಡೆ ಬಂದಲ್ಲಿ ಒಂದನ್ನು ಬಿಡಬಹುದು. ಗುಂಪಿನ ಮಾತುಗಳನ್ನು ಆರು ಜನರ ಬದಲು ಮೂವರಿಗೆ ಹಂಚಬಹುದು. ಡಂಗುರದವನ ಸಾಲುಗಳನ್ನು ಅರ್ಧಕ್ಕೆ ಇಳಿಸಬಹುದು. ಮೊದಲು ಪೂರ್ತಿ ನಾಟಕವನ್ನು ಕೂತು ಓದಿಸಿ ಗಡಿಯಾರ ಹಿಡಿಯಿರಿ, ದೃಶ್ಯವಾರು ನಿಮಿಷ ಬರೆದಿಡಿ. ಆಮೇಲೆ ಪೆನ್ಸಿಲು ಹಿಡಿಯಿರಿ, ಪೆನ್ನು ಬೇಡ. ಎಲ್ಲಕ್ಕಿಂತ ಹೆಚ್ಚು ಕೆಡುವುದು ಕೊನೆಯ ಅಜಾನ್. ಪ್ರಾರ್ಥನೆಯನ್ನೇ ನಿಷೇಧಿಸಿದ್ದ ದೊರೆ ಮತ್ತೆ ಕರೆ ಕೇಳಿಸುವ ಹೊತ್ತಿಗೆ ನಿದ್ದೆಗೆ ಜಾರಿರುತ್ತಾನೆ. ಕಣ್ಣು ಬಿಟ್ಟಾಗ ತಾನೆಲ್ಲಿದ್ದೇನೆಂದೇ ತಿಳಿಯದು. ಇದನ್ನು ಹತ್ತು ಸೆಕೆಂಡು ಕೇಳಿಸಿ ಧ್ವನಿ ಇಳಿಸಿಬಿಟ್ಟು ನಟರು ಸಾಲಾಗಿ ಕೈಮುಗಿಯಲು ಬಂದರೆ ಎರಡು ಗಂಟೆಯ ದುಡಿಮೆ ನೀರಲ್ಲಿ ಹೋಮ. ಕರೆ ಪೂರ್ತಿ ಕೇಳಿಸಲಿ, ಸುಲ್ತಾನನ ಮುಖದ ಮೇಲೆ ಬೆಳಕು ಇರಲಿ, ಆಮೇಲೂ ಐದಾರು ಸೆಕೆಂಡು ಯಾರೂ ಅಲುಗದಿರಲಿ.

ಕನ್ನಡದಲ್ಲಿ ಸಿ.ಆರ್. ಸಿಂಹ ಈ ಪಾತ್ರಕ್ಕೆ ಹೆಸರಾದರು. ದೆಹಲಿಯ ಪುರಾನಾ ಕಿಲಾದ ಕಲ್ಲುಗಳ ನಡುವೆ ಇಬ್ರಾಹಿಂ ಅಲ್ಕಾಜಿ ಇದನ್ನು ಆಡಿಸಿದಾಗ ಮನೋಹರ ಸಿಂಗ್ ಸುಲ್ತಾನನಾಗಿದ್ದರು. ಅಲ್ಲಿ ಆಳಕ್ಕೆ ಪರದೆಯ ಹಂಗಿರಲಿಲ್ಲ, ಕೋಟೆಯೇ ಇತ್ತು. ನಮ್ಮ ತಾಲ್ಲೂಕು ಭವನಗಳಲ್ಲಿ ಇರುವುದು ಒಂದು ಪರದೆ. ನಾಟಕ ಬರೆದದ್ದೂ ಆ ಒಂದು ಪರದೆಯ ಲೆಕ್ಕದಲ್ಲೇ.

'ಹಯವದನ'ದಲ್ಲಿ (1971) ಕತ್ತರಿಗೆ ಮೊದಲು ಬಲಿಯಾಗುವವನು ಹೆಸರಿನವನೇ, ಕುದುರೆಮೋರೆಯ ಹಯವದನ. ಗೆಳೆಯರಾದ ದೇವದತ್ತ, ಕಪಿಲರ ತಲೆ ಅದಲುಬದಲಾಗಿ ದೇವದತ್ತನ ಹೆಂಡತಿ ಪದ್ಮಿನಿ ನಡುವೆ ಸಿಕ್ಕಿಕೊಳ್ಳುವುದು ಮುಖ್ಯ ಕಥೆ, ಇದು ಉಪಕಥೆ ಎಂಬ ಲೆಕ್ಕ. ಆದರೆ ಕೊನೆಯಲ್ಲಿ ಗೊಂಬೆ ಹಿಡಿದು ಮಂಕಾಗಿ ಕೂತ ಪದ್ಮಿನಿಯ ಮಗುವನ್ನು ನಗಿಸುವವನು ಇವನು. ಮಗುವಿನ ನಗು ಕೇಳಿ ಇವನೂ ಪೂರ್ತಿ ಕುದುರೆಯಾಗುವುದು. ಹಯವದನನನ್ನು ತೆಗೆದರೆ ಮಗು ನಗುವುದಿಲ್ಲ, ನಾಟಕ ಪದ್ಮಿನಿಯ ಚಿತೆಯ ಬಳಿಯೇ ನಿಂತುಬಿಡುತ್ತದೆ.

ಇದರ ಅರ್ಧಪರದೆಯನ್ನು ಹತ್ತಿರದಿಂದ ನೋಡಬೇಕು. ಯಕ್ಷಗಾನದ ತೆರೆಯಂತೆ ಇಬ್ಬರು ಎರಡು ತುದಿ ಹಿಡಿದು ನಿಲ್ಲುವ ಬಟ್ಟೆ ಅದು, ಎತ್ತರ ಸುಮಾರು ಆರು ಅಡಿ. ನಾಟಕದಲ್ಲಿ ಇದಕ್ಕೆ ಮೂರು ದೊಡ್ಡ ಕೆಲಸ. ಮೊದಲು ಅದರ ಹಿಂದಿನಿಂದ ಕುದುರೆಯ ತಲೆ ಕಾಣಿಸಿ ಮರೆಯಾಗುತ್ತದೆ. ಪರದೆ ಇಳಿಸಿದರೆ ಆತ ಅದನ್ನೇ ಎಳೆದು ಮುಖ ಮುಚ್ಚಿಕೊಳ್ಳಲು ಒದ್ದಾಡುತ್ತಾನೆ. ನಡುವೆ ಅದರ ಹಿಂದಿನಿಂದ ಕಾಳಿ ಬರುತ್ತಾಳೆ. ಕೈ ಚಾಚಿ, ನಾಲಿಗೆ ಹೊರಚಾಚಿ ಭಯಂಕರವಾಗಿ ನಿಂತವಳು ಮರುಕ್ಷಣ ಕೈ ಇಳಿಸಿ ಬಾಯಿ ಮುಚ್ಚಿದಾಗ ಅದು ಆಕಳಿಕೆ ಎಂದು ತಿಳಿಯುತ್ತದೆ. ಕೊನೆಗೆ ಪದ್ಮಿನಿಯ ಮುಂದೆ ಹಿಡಿಯುವ ಪರದೆಯ ಮೇಲೆ ಬೆಂಕಿಯ ನಾಲಿಗೆಗಳ ಚಿತ್ರ. ಈಗಿನ ಪ್ರಯೋಗಗಳು ಮೂರನೆಯದರ ಜಾಗಕ್ಕೆ ಹೊಗೆಯಂತ್ರ, ಕೆಂಪು ದೀಪ ತರುತ್ತವೆ. ತಪ್ಪೆನ್ನಲಾಗದು, ಆದರೆ ಮೊದಲೆರಡು ಸಲ ನಗಿಸಿದ ಅದೇ ಬಟ್ಟೆ ಮೂರನೇ ಸಲ ಸಾವು ತರುವ ಸೊಗಸು ಅಲ್ಲಿಗೆ ಮುಗಿಯಿತು. ಹೊಗೆ ಸಾಲದ್ದಕ್ಕೆ ಮುಂದಿನ ಸಾಲಿನವರಿಗೆ ಕೆಮ್ಮು ಬರಿಸಿ ಭಾಗವತರ ಹಾಡಿಗೂ ಕುತ್ತು ತರುತ್ತದೆ. ಪರದೆ ಹಿಡಿಯುವ ಇಬ್ಬರನ್ನು ಕೊನೆಯ ತಾಲೀಮಿಗೆ ಕರೆಸುವುದು ಇನ್ನೊಂದು ಎಡವಟ್ಟು. ಅವರು ಮೊದಲ ದಿನದಿಂದ ಬೇಕು. ಪರದೆ ಅರ್ಧ ಕ್ಷಣ ತಡವಾಗಿ ಇಳಿದರೂ ಕಾಳಿಯ ಆಕಳಿಕೆ ಬಟ್ಟೆಯ ಹಿಂದೆಯೇ ಮುಗಿದುಹೋಗುತ್ತದೆ.

ತಲೆ ಅದಲುಬದಲಾಗುವುದು ಮುಖವಾಡದಿಂದ. ದೇವದತ್ತನದು ಬಿಳಿಚು ಬಣ್ಣ, ಕಪಿಲನದು ಗಾಢ. ಹಾಗಾಗಿ ನಟರನ್ನು ಆರಿಸುವಾಗಲೇ ಮೈಕಟ್ಟು ನೋಡಬೇಕು: ಒಬ್ಬ ಸಣಕಲ, ಇನ್ನೊಬ್ಬ ಗಟ್ಟಿಮುಟ್ಟು. ಇಬ್ಬರೂ ಒಂದೇ ಅಳತೆಯವರಾದರೆ ಮುಖವಾಡ ಬದಲಾದದ್ದು ಮೂರನೇ ಸಾಲಿನ ಆಚೆಗೆ ಗೊತ್ತೇ ಆಗುವುದಿಲ್ಲ. ಪೂರ್ತಿ ಮುಖ ಮುಚ್ಚುವ ಮುಖವಾಡ ಮಾತನ್ನು ನುಂಗುತ್ತದೆ. ಮೇಲ್ದುಟಿಯವರೆಗೆ ಬಂದು ನಿಲ್ಲುವಂಥದ್ದು ಮಾಡಿಸಿ, ಮೂಗಿನ ಒಳಭಾಗಕ್ಕೆ ಸ್ಪಂಜು ಅಂಟಿಸಿದರೆ ಬೆವರಿಗೆ ಜಾರುವುದಿಲ್ಲ. ಬಹಳ ತಂಡಗಳು ಎಡವುವುದು ಧ್ವನಿಯಲ್ಲಿ. ತಲೆ ಬದಲಾದ ಮೇಲೆ ಸಣಕಲ ನಟ ಕಪಿಲನ ಹಾಗೆ ಮಾತಾಡಬೇಕು, ಗಟ್ಟಿಮುಟ್ಟಿನವ ದೇವದತ್ತನ ಹಾಗೆ. ಇದಕ್ಕೆ ತಾಲೀಮಿನ ಮೊದಲ ವಾರದಿಂದಲೇ ಇಬ್ಬರೂ ಎರಡೂ ಪಾತ್ರ ಓದಬೇಕು, ದಿನ ಬಿಟ್ಟು ದಿನ ಅದಲುಬದಲು. ಇಲ್ಲದಿದ್ದರೆ ಎರಡನೇ ಅಂಕದಲ್ಲಿ ಯಾರು ಯಾರೆಂದು ಭಾಗವತರೇ ಬಿಡಿಸಿ ಹೇಳುತ್ತ ಕೂರಬೇಕಾದೀತು.

'ನಾಗಮಂಡಲ'ದಲ್ಲಿ (1988) ಹಾರಿಹೋಗುವುದು ಪಾಳುಗುಡಿಯ ಚೌಕಟ್ಟು: ಒಂದು ರಾತ್ರಿ ಪೂರ್ತಿ ಎಚ್ಚರವಿರದಿದ್ದರೆ ಸಾಯಲಿರುವ ಮನುಷ್ಯ, ಊರಿನ ದೀಪ ಆರಿದ ಮೇಲೆ ಬಂದು ಸೇರುವ ಜ್ಯೋತಿಗಳು, ಹೆಣ್ಣಾಗಿ ಬಂದ ಕಥೆ. ಕಥೆ ಮುಗಿಯಿತು ಎಂದಾಗಲೆಲ್ಲ ಆ ಮನುಷ್ಯ ಒಪ್ಪದೆ ಇನ್ನೊಂದು ಕೊನೆ ಕೇಳುತ್ತಾನೆ. ಆತನನ್ನೇ ತೆಗೆದರೆ ಒಂದಾದ ಮೇಲೊಂದು ಬರುವ ಮುಕ್ತಾಯಗಳು ನಿರ್ದೇಶಕನ ಗೊಂದಲದಂತೆ ಕಾಣುತ್ತವೆ. ಜ್ಯೋತಿಗಳಾಗಿ ನಾಲ್ವರು ಸಾಕು, ಅವರೇ ಮುಂದೆ ಊರಿನವರೂ ಆಗಬಹುದು. ಸಭಾಂಗಣಗಳಲ್ಲಿ ಎಣ್ಣೆದೀಪಕ್ಕೆ ಅನುಮತಿ ಸಿಗದಿದ್ದರೆ ಬ್ಯಾಟರಿ ದೀಪ ಸಾಕು.

ರಾಣಿಯ ಗಂಡ ಅಪ್ಪಣ್ಣ ಮತ್ತು ಅವನ ರೂಪದಲ್ಲಿ ರಾತ್ರಿ ಬರುವ ನಾಗ, ಇಬ್ಬರೂ ಒಬ್ಬನೇ ನಟ. ವೇಷ ಬದಲಿಸುವ ಉತ್ಸಾಹ ಇಲ್ಲಿ ಬೇಡ. ನಾಗನಿಗೆ ಮಿರುಗುವ ಅಂಗಿ, ಹೆಡೆಯ ಕಿರೀಟ ಹಾಕಿಸಿದ ತಕ್ಷಣ ರಾಣಿ ದಡ್ಡಿಯಾಗುತ್ತಾಳೆ. ಎದುರಿಗೇ ಹೆಡೆ ಕಾಣುತ್ತಿದ್ದರೂ ಗಂಡ ಅಂದುಕೊಂಡಳಲ್ಲ ಎಂದು ಜನ ನಗುತ್ತಾರೆ. ಅದೇ ಪಂಚೆ, ಅದೇ ಅಂಗಿ ಇರಲಿ. ಮಧ್ಯಾಹ್ನ ಊಟಕ್ಕೆ ಬರುವ ಗಂಡನ ನಡಿಗೆ ಒಂದು, ರಾತ್ರಿ ಬರುವವನದು ಇನ್ನೊಂದು. ವ್ಯತ್ಯಾಸ ಕಾಣಬೇಕಾದದ್ದು ಬೆನ್ನುಮೂಳೆಯಲ್ಲಿ. ರಬ್ಬರಿನ ಹಾವಂತೂ ಖಂಡಿತ ಬೇಡ.

ಇಷ್ಟೆಲ್ಲ ಕೂಲಂಕಷವಾಗಿ ರಂಗ ತಿಳಿದವರು ಸಿನಿಮಾದಲ್ಲಿ ಅಷ್ಟು ಕಾಲ ಯಾಕೆ ಕಳೆದರು ಎಂಬ ಗೊಣಗಾಟವೂ ಆಗಾಗ ಕೇಳಿಸುತ್ತದೆ. ಇಸವಿಗಳನ್ನು ಒಂದರ ಕೆಳಗೊಂದು ಬರೆದು ನೋಡಿ. 'ಹಿಟ್ಟಿನ ಹುಂಜ' ನಾಟಕ 1980, ಅದಾದ ಮೇಲೆ 'ನಾಗಮಂಡಲ' 1988. ನಡುವಿನ ಎಂಟು ವರ್ಷ ಹಿಂದಿ ಸಿನಿಮಾ, ತೆಲುಗಿನ 'ಆನಂದಭೈರವಿ'ಯ ಕೂಚಿಪುಡಿ ಗುರುವಿನ ಪಾತ್ರ, ಶಶಿ ಕಪೂರ್ ಹಣ ಹಾಕಿದ 'ಉತ್ಸವ್' (1984), ಕಿರುತೆರೆ. ಕನ್ನಡದಲ್ಲಿ ನಾಟಕ ಬರೆದು ಮನೆ ನಡೆಸಿದವರು ಯಾರಿದ್ದಾರೆ? ನಟನೆ ಮನೆಯ ಖರ್ಚು ನೋಡಿಕೊಂಡಿತು, ನಾಟಕಗಳು ಅವಸರವಿಲ್ಲದೆ ಬಂದವು. ಮತ್ತೆ, ಆ ನಟನೆಯೂ ಬರೀ ಸಂಬಳದ ಕೆಲಸವಾಗಿರಲಿಲ್ಲ. 'ಮಂಥನ್' (1976) ಗುಜರಾತಿನ 5 ಲಕ್ಷ ಹಾಲು ಉತ್ಪಾದಕರು ತಲಾ 2 ರೂಪಾಯಿ ಹಾಕಿ ಮಾಡಿದ ಸಿನಿಮಾ, ಒಟ್ಟು 10 ಲಕ್ಷ. ಅದರಲ್ಲಿ ಕಾರ್ನಾಡರು ಪಶುವೈದ್ಯ ಡಾ. ರಾವ್. ಮರುವರ್ಷದ 'ಭೂಮಿಕಾ'ದಲ್ಲಿ ಅವರದು ಪರದೆಯ ಹಿಂದಿನ ಕೆಲಸ, ಶ್ಯಾಮ್ ಬೆನೆಗಲ್, ಸತ್ಯದೇವ ದುಬೆ ಜೊತೆ ಚಿತ್ರಕಥೆ. ನಟರಾಗಿ ಅವರು ರೂಪ ಬದಲಿಸುವ ಮಾಂತ್ರಿಕರಾಗಿರಲಿಲ್ಲ, ಅದನ್ನು ಒಪ್ಪಿಕೊಳ್ಳೋಣ. ಹೆಚ್ಚು ಅಲುಗದೆ, ಎದುರಿನವರ ಮಾತು ಕೇಳಿಸಿಕೊಳ್ಳುವುದರಲ್ಲೇ ಪಾತ್ರ ಕಟ್ಟುವವರು. ಪ್ರಾಣೇಶಾಚಾರ್ಯ ನಿಂತಿರುವುದು ಅದರ ಮೇಲೆ. ಅದೇ ಸ್ಥಿರತೆ 'ಕಾದಲನ್'ನ (1994) ರಾಜ್ಯಪಾಲನಲ್ಲಿ ಕೇಡಿನಂತೆ ಕಾಣಿಸುತ್ತದೆ. 'ಕಾನೂರು ಹೆಗ್ಗಡಿತಿ'ಯಲ್ಲಿ (1999) ತಾವೇ ನಿರ್ದೇಶಿಸಿ ತಾವೇ ಚಂದ್ರೇಗೌಡನಾದರು. ಒಬ್ಬರೇ ಎರಡೂ ಹೊತ್ತದ್ದು ಆ ಚಿತ್ರಕ್ಕೆ ಸ್ವಲ್ಪ ಭಾರವಾಯಿತು ಎಂಬುದು ನಮ್ಮ ಅನಿಸಿಕೆ. ನಿರ್ದೇಶಕರಾಗಿ ಅವರ ಕೈ ಪಳಗಿ ಕಾಣುವುದು 'ಕಾಡು' (1973) ಚಿತ್ರದಲ್ಲಿ. ಗೋವಿಂದ ನಿಹಲಾನಿ ಕ್ಯಾಮೆರಾ, ಕಿಟ್ಟಿ ಎಂಬ ಹುಡುಗನ ಕಣ್ಣಿನಿಂದ ಕಾಣುವ ಊರಿನ ಹಗೆ.

ಕ್ಯಾಮೆರಾದ ಎರಡೂ ಬದಿ ನಿಂತ ಅನುಭವ ನಾಟಕಕ್ಕೆ ಮರಳಿ ಬಂದದ್ದು 'ಒಡಕಲು ಬಿಂಬ'ದಲ್ಲಿ. 2005, ಬೆಂಗಳೂರಿನ ರಂಗಶಂಕರ. ಕೆ.ಎಂ. ಚೈತನ್ಯ ಜೊತೆ ನಿರ್ದೇಶನವೂ ಕಾರ್ನಾಡರದೇ. ಕನ್ನಡದಲ್ಲಿ ಅರುಂಧತಿ ನಾಗ್. ಇಂಗ್ಲಿಷ್ ಕಾದಂಬರಿ ಬರೆದು ದಿಢೀರ್ ಹೆಸರಾದ ಕನ್ನಡ ಲೇಖಕಿ ಮಂಜುಳಾ ನಾಯಕ್ ಟಿವಿ ಸ್ಟುಡಿಯೊದಲ್ಲಿ ಭಾಷಣ ಮುಗಿಸಿ ಏಳುವಾಗ ಪರದೆಯ ಮೇಲಿನ ಅವಳ ಬಿಂಬ ಹೋಗದೆ ಉಳಿದು ಅವಳನ್ನೇ ಪ್ರಶ್ನಿಸತೊಡಗುತ್ತದೆ. ಒಬ್ಬಳೇ ನಟಿ, ಒಂದೇ ಸೆಟ್ಟು, ಸಮಯವೂ ಕಡಿಮೆ. ಸುಲಭ ಎಂದು ಆರಿಸಿಕೊಳ್ಳುವ ತಂಡಗಳೇ ಹೆಚ್ಚು. ಆದರೆ ಇವರ ನಾಟಕಗಳಲ್ಲಿ ಇಷ್ಟು ನಿರ್ದಯವಾದದ್ದು ಇನ್ನೊಂದಿಲ್ಲ. ರಂಗದ ಮೇಲಿನ ಎದುರುಪಾತ್ರ ಮಾತು ಮರೆತರೆ ಇನ್ನೊಬ್ಬ ನಟ ಏನಾದರೂ ಹೇಳಿ ಸಂಭಾಳಿಸುತ್ತಾನೆ. ಇಲ್ಲಿ ಎದುರುಪಾತ್ರ ಮುಂಚೆಯೇ ಚಿತ್ರೀಕರಿಸಿಟ್ಟ ವಿಡಿಯೊ. ನಟಿ ಒಂದು ಸಾಲು ನುಂಗಿದರೆ ಕೇಳದ ಪ್ರಶ್ನೆಗೆ ಬಿಂಬ ಉತ್ತರ ಕೊಡುತ್ತದೆ.

ತಪ್ಪುವುದು ಸಾಮಾನ್ಯವಾಗಿ ಹೀಗೆ. ತಂಡದವರು ಬಿಂಬದ ಭಾಗವನ್ನು ಮೊದಲೇ ಚಿತ್ರಿಸಿಕೊಂಡು ಆಮೇಲೆ ತಾಲೀಮು ಶುರುಮಾಡುತ್ತಾರೆ. ಆಗ ನಟಿ ಜೀವಮಾನವಿಡೀ ಆ ವಿಡಿಯೊದ ಬೆನ್ನು ಹತ್ತಿ ಓಡಬೇಕು. ಕ್ರಮ ತಿರುವುಮುರುವಾಗಬೇಕು. ಬಿಂಬದ ಮಾತನ್ನು ಇನ್ನೊಬ್ಬರಿಂದ ಓದಿಸುತ್ತ, ನಟಿ ರಂಗದ ಮೇಲೆ ಎದ್ದು, ನಡೆದು, ಕುರ್ಚಿ ಹಿಡಿದು ನಿಲ್ಲುವ ಎಲ್ಲ ಚಲನೆ ಗಟ್ಟಿಯಾಗುವವರೆಗೆ ತಾಲೀಮು ನಡೆಸಿ. ಆ ತಾಲೀಮಿನ ಧ್ವನಿ ಮುದ್ರಿಸಿಕೊಂಡು ಪ್ರತಿ ಮಾತಿನ ನಡುವಿನ ಬಿಡುವನ್ನು ಸೆಕೆಂಡಿನಲ್ಲಿ ಗುರುತು ಮಾಡಿ. ಜನ ನಗುವ ಜಾಗಗಳಿಗೆ ಮೂರರಿಂದ ನಾಲ್ಕು ಸೆಕೆಂಡು ಹೆಚ್ಚುವರಿ ಬಿಡಿ. ಆ ಬಿಡುವಿನಲ್ಲಿ ಬಿಂಬ ಕಲ್ಲಾಗಿ ಕೂತಿರಬಾರದು. ಸೆರಗು ಸರಿಪಡಿಸಬೇಕು, ಹುಬ್ಬು ಏರಿಸಬೇಕು, ಎದುರಿನವಳನ್ನು ತೂಗಿ ನೋಡಬೇಕು. ನಗು ಬಾರದ ದಿನ ಅದೇ ಬಿಡುವು ಮೌನವಾಗಿ ದುಡಿಯುತ್ತದೆ. ಆಮೇಲೆ ಚಿತ್ರೀಕರಣ, ಸಾಧ್ಯವಾದಷ್ಟೂ ಒಂದೇ ಓಟದಲ್ಲಿ. ತುಂಡು ತುಂಡಾಗಿ ಹಿಡಿದು ಜೋಡಿಸಿದರೆ ಪ್ರತಿ ಬೆಸುಗೆಯಲ್ಲೂ ಬಿಂಬದ ತಲೆ ಗಕ್ಕನೆ ಜಿಗಿಯುತ್ತದೆ, ಮೋಡಿ ಹರಿಯುತ್ತದೆ.

ನೋಟದ ದಿಕ್ಕು ಇನ್ನೊಂದು ಗುಂಡಿ. ಪರದೆ ರಂಗದ ಬಲಕ್ಕಿದ್ದು ನಟಿ ಎಡದಲ್ಲಿ ಓಡಾಡುವುದಾದರೆ ಚಿತ್ರಿಸುವಾಗಲೂ ಆಕೆ ಆ ಕಡೆಗೇ ನೋಡಬೇಕು. ನಟಿ ನಡೆಯುವ ದಾರಿಗೆ ನೆಲದ ಮೇಲೆ ಮೂರು ಗುರುತು ಹಾಕಿ, ಚಿತ್ರೀಕರಣದ ದಿನ ಅದೇ ದೂರಗಳಲ್ಲಿ ಒಬ್ಬರನ್ನು ನಿಲ್ಲಿಸಿ ಅವರನ್ನೇ ನೋಡುತ್ತ ಮಾತಾಡಿಸಿ. ಸೀರೆ, ಕುಂಕುಮ, ಹೆರಳು, ಕೈಗಡಿಯಾರ ಎಲ್ಲ ಪ್ರತಿ ಪ್ರದರ್ಶನದಲ್ಲೂ ಅವೇ. ಸೀರೆ ಹರಿದರೆ ವಿಡಿಯೊ ಮತ್ತೆ ಹಿಡಿಯಬೇಕಾಗುತ್ತದೆ, ಆದ್ದರಿಂದ ಜೋಡಿ ಸೀರೆ ಕೊಳ್ಳುವುದು ಅಗ್ಗ. ಪ್ರೊಜೆಕ್ಟರ್ ಬಳಸಿದರೆ ನಟಿಯ ಮೇಲಿನ ಬೆಳಕು ಪರದೆಗೆ ಚೆಲ್ಲಿ ಬಿಂಬ ತೊಳೆದ ಬಟ್ಟೆಯಂತಾಗುತ್ತದೆ. ಸಣ್ಣ ಸಭಾಂಗಣಕ್ಕೆ ದೊಡ್ಡ ಟಿವಿಯೇ ಮೇಲು. ಬಿಂಬದ ಧ್ವನಿ ಸಭಾಂಗಣದ ಮೂಲೆಯ ಸ್ಪೀಕರಿನಿಂದ ಬಂದರೆ ಅದು ಆಕಾಶವಾಣಿ. ಟಿವಿಯ ಕೆಳಗೇ ಒಂದು ಸ್ಪೀಕರ್ ಇಡಿ. ವಿಡಿಯೊ ಒತ್ತುವವರು ಸಂಜೆ ಬಂದು ಹೋಗುವ ಬಾಡಿಗೆಯವರಾಗಬಾರದು, ನಾಟಕ ಬಾಯಿಪಾಠ ಇರುವ ತಂಡದವರೇ ಆಗಬೇಕು. ಲ್ಯಾಪ್‌ಟಾಪಿನ ಅಪ್ಡೇಟು, ಸ್ಕ್ರೀನ್ ಸೇವರ್, ಫೋನಿನ ಸಂದೇಶ ಎಲ್ಲ ಬಂದ್ ಮಾಡಿಸಿ. ಬಿಂಬದ ಹಣೆಯ ಮೇಲೆ 'ಬ್ಯಾಟರಿ ಕಡಿಮೆಯಿದೆ' ಎಂದು ಮೂಡಿದರೆ ಅಲ್ಲಿಗೆ ಆಟ ಮುಗಿಯಿತು.

ಇಲ್ಲಿ ಕತ್ತರಿಸಲು ಹೊರಟವರು ಮೊದಲು ತೆಗೆಯುವುದು ಆ ಬಿಡುವುಗಳನ್ನೇ. ಮಾತು ಬಿಟ್ಟಿಲ್ಲ, ಮೌನ ಮಾತ್ರ ಕಡಿಮೆ ಮಾಡಿದ್ದೇವೆ ಅನ್ನುತ್ತಾರೆ. ತೀರಿಕೊಂಡ ತಂಗಿಯ ಹೆಸರು ಬಂದಾಗಲೆಲ್ಲ ಲೇಖಕಿ ಸುಮ್ಮನಾಗುವ ಆ ಎರಡು ಮೂರು ಸೆಕೆಂಡುಗಳಲ್ಲೇ ಪ್ರೇಕ್ಷಕನಿಗೆ ಅನುಮಾನ ಮೂಡಬೇಕು. ಅದಿಲ್ಲದೆ, ಕಾದಂಬರಿ ನಿಜಕ್ಕೂ ತಂಗಿಯದು ಎಂಬ ಕೊನೆಯ ಬಯಲಾಗುವಿಕೆ ಪೊಲೀಸ್ ವರದಿ ಓದಿದ ಹಾಗಿರುತ್ತದೆ.

ಅನುಮತಿಯ ವಿಷಯವನ್ನೂ ಹೇಳಲೇಬೇಕು, ಹವ್ಯಾಸಿಗಳಲ್ಲಿ ಇದರ ಬಗ್ಗೆ ಬಹಳ ತಪ್ಪುತಿಳಿವಳಿಕೆ ಇದೆ. ಲೇಖಕರು ತೀರಿಕೊಂಡ ಮೇಲೆ ಹಕ್ಕು ಮುಗಿಯಿತು ಎಂದು ತಿಳಿದವರಿದ್ದಾರೆ. 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಲೇಖಕರು ತೀರಿಕೊಂಡ ಮರುವರ್ಷದ ಆರಂಭದಿಂದ 60 ವರ್ಷ ಹಕ್ಕು ಉಳಿಯುತ್ತದೆ. ಕಾರ್ನಾಡರ ಕೃತಿಗಳಿಗೆ ಅದು 2079ರ ಡಿಸೆಂಬರ್ 31ರವರೆಗೆ. ಹವ್ಯಾಸಿ ಸಂಘವೊಂದು ಹಣ ಕೊಡದ ಪ್ರೇಕ್ಷಕರಿಗೆ ಆಡಿ ತೋರಿಸುವುದಕ್ಕೆ 52ನೇ ಕಲಮಿನಲ್ಲಿ ವಿನಾಯಿತಿ ಇದೆ. ಟಿಕೆಟ್ ಇಟ್ಟರೆ ಆ ವಿನಾಯಿತಿ ಇಲ್ಲ, ಅನುಮತಿ ಬೇಕು. ವಿಡಿಯೊ ಮಾಡಿ ಯೂಟ್ಯೂಬಿಗೆ ಹಾಕುವುದು ಬೇರೆಯೇ ಹಕ್ಕು, ಪ್ರದರ್ಶನದ ಅನುಮತಿಯಲ್ಲಿ ಅದು ತಾನಾಗಿ ಸೇರುವುದಿಲ್ಲ. ಲೇಖಕನ ಗೌರವಕ್ಕೆ ಕುಂದು ತರುವಂತೆ ಕೃತಿಯನ್ನು ತಿರುಚಿದರೆ ಆಕ್ಷೇಪಿಸುವ ಹಕ್ಕು 57ನೇ ಕಲಮಿನಲ್ಲಿದೆ, ವಾರಸುದಾರರೂ ಅದನ್ನು ಚಲಾಯಿಸಬಹುದು. ಅನುಮತಿ ಕೇಳುವ ಪತ್ರದಲ್ಲಿ ಸ್ಥಳ, ದಿನಾಂಕ, ಪ್ರದರ್ಶನಗಳ ಸಂಖ್ಯೆ, ಟಿಕೆಟ್ ದರ, ಎಷ್ಟು ನಿಮಿಷದ ಪ್ರಯೋಗ, ಯಾವ ಭಾಗ ಬಿಡುತ್ತೀರಿ ಇಷ್ಟನ್ನೂ ಬರೆಯುವುದು ವಾಸಿ. ಯಾವ ಭಾಗ ಬಿಡುತ್ತೀರಿ ಎಂದು ಬರೆಯಲು ಕೂತಾಗಲೇ ಅರ್ಧ ತಂಡಗಳ ಕತ್ತರಿ ಕೆಳಗಿಳಿಯುತ್ತದೆ.

ತಮ್ಮಲ್ಲಿ ಕೇಳುವುದು ಒಂದೇ. ನಾಟಕೋತ್ಸವಗಳ, ಸ್ಪರ್ಧೆಗಳ ವರದಿ, ವಿಮರ್ಶೆ ಪ್ರಕಟಿಸುವಾಗ ಕೊನೆಗೆ ಒಂದು ಸಾಲು ಸೇರಿಸಿ: ಪ್ರಯೋಗ ಎಷ್ಟು ನಿಮಿಷದ್ದು, ಮೂಲದ ಯಾವ ದೃಶ್ಯಗಳನ್ನು ಬಿಡಲಾಗಿದೆ, ರಂಗಪಠ್ಯ ಸಿದ್ಧಪಡಿಸಿದವರು ಯಾರು. ಬೆಳಕು, ಪ್ರಸಾಧನ, ಸಂಗೀತ ಮಾಡಿದವರ ಹೆಸರು ಹೇಗೂ ಹಾಕುತ್ತೀರಿ. ಕತ್ತರಿ ಹಿಡಿದವರ ಹೆಸರೂ ಅದರ ಪಕ್ಕದಲ್ಲಿ ಬರಲಿ.

ಇಂತಿ,
ಹವ್ಯಾಸಿ ನಾಟಕ ತಂಡವೊಂದರ ಗೆಳೆಯರು
ಧಾರವಾಡ